ಬನದಮ್ಮನಲ್ಲಿ ಬಾಕಿ ಇರುವ ದೂರು

ಶ್ರೀ ಸೌಮ್ಯಕೇಶವಸ್ವಾಮಿಯ ಪಾದವೇ ಗತಿ

ನಾಗಮಂಗಲ
16-1-2025

ಸೋಮಮ್ಮ ಅತ್ತಿಗೆಯವರಿಗೆ ಪ್ರಮೀಳಾ ಮಾಡುವ ನಮಸ್ಕಾರ.

ಫೋನು ಇರುವಾಗ ಇವಳೇಕೆ ಕಾಗದ ಬರೆದಳು ಎಂದುಕೊಳ್ಳುತ್ತೀರಿ. ನಾವು ಫೋನಿನಲ್ಲಿ ಆಡಿದ ಜಗಳವೆಲ್ಲ ರೆಕಾರ್ಡ್ ಆಗಿ ಕೇಸಿನ ಕಾಗದದ ಜೊತೆ ಸೇರಿತಲ್ಲ, ಅಂದಿನಿಂದ ಅದನ್ನು ಕೈಗೆತ್ತಿಕೊಳ್ಳಲು ನನಗೆ ಹೆದರಿಕೆ. ನಿಮ್ಮ ಫೋನನ್ನು ನಿಮ್ಮ ಮಗ ಶಿವಶಂಕರ ತೆಗೆದು ನೋಡುತ್ತಾನೆ ಎಂದೂ ನನ್ನ ಮಗಳು ಶ್ವೇತ ಹೇಳಿದ್ದಳು. ಅದಕ್ಕೇ ಡೈರಿ ಪುಟ್ಟತಾಯಮ್ಮನ ವಿಳಾಸಕ್ಕೆ ಹಾಕಿದ್ದೇನೆ. ನೀವು ಹಾಲು ಹಾಕಲು ಹೋದಾಗ ಕೈಗೆ ಕೊಡುತ್ತಾಳೆ. ಓದಿ ಒಲೆಗೆ ಹಾಕಿ.

ಸಂಕ್ರಾಂತಿಯ ಹಿಂದಿನ ದಿನ ಮಗಳನ್ನು ನಿಮ್ಮ ಹೊಸ್ತಿಲಲ್ಲಿ ಬಿಟ್ಟು ಬಂದೆ. ಶ್ರೀರಂಗಪಟ್ಟಣದ ಲಾಯರು ಜಯರಾಮಯ್ಯನವರ ಜಗುಲಿಯಲ್ಲಿ ರಾಜಿಯಾದಾಗ ಎಲ್ಲರೂ ಕಾಫಿ ಕುಡಿದರು, ನಾನು ಲೋಟ ಮುಟ್ಟಲಿಲ್ಲ. "ರಾಜಿ ಆದ್ರೂ ಈ ಕೇಸು ಕೆಳಗಿನ ಕೋರ್ಟಲ್ಲಿ ಮುಗಿಯಲ್ಲಮ್ಮ, ಹೈಕೋರ್ಟ್‌ನೋರೇ ರದ್ದು ಮಾಡ್ಬೇಕು. ನಿಮ್ಮ ಮಗಳು ಬಂದು ನನ್ನಿಷ್ಟದಿಂದ ಒಂದಾಗಿದ್ದೀನಿ ಅಂತ ಹೇಳಿದ್ರೆ ಸಾಕು" ಎಂದರು ಲಾಯರು. ಕೇಸು ರದ್ದಾದರೆ ತೀರಿಹೋದ ಭಾವನವರ ಕೆ.ಆರ್.ಎಸ್. ನೌಕರಿ ಶಿವಶಂಕರನಿಗೆ ಸಿಗುತ್ತದೆ. ನೀವು ಎರಡನೇ ಆರೋಪಿ, ನಿಮಗೂ ಬಿಡುಗಡೆ. ನನ್ನ ಮಗಳಿಗೆ ಏನು ಸಿಗುತ್ತದೆ ಎಂದು ಯಾರೂ ಹೇಳಲಿಲ್ಲ, ನಾನೂ ಕೇಳಲಿಲ್ಲ.

ಅವನು ಹೊಡೆದ ಏಟಿಗೆ ಅವಳ ಎಡಗಿವಿ ಹೋಯಿತು. ಆಮೇಲೆ ಕೇಸು ಇತ್ತು, ಅವನ ಕೈ ಕಟ್ಟಿತ್ತು. ನಾಳೆ ಕೇಸೂ ಇರುವುದಿಲ್ಲ.

ಬನದಮ್ಮನಿಗೆ ಕೊಟ್ಟ ದೂರು ಹಿಂದಕ್ಕೆ ತೆಗೆದುಕೋ ಎಂದು ಹೊರಡುವಾಗ ನೀವು ನನ್ನ ಸೆರಗು ಹಿಡಿದಿರಿ. ಹೌದು, ನಾನು ಹೊಸಹೊಳಲಿನ ಆಚೆ ನಮ್ಮ ತವರಿನ ಬನದಲ್ಲಿ ಒದ್ದೆ ಸೀರೆಯಲ್ಲಿ ನಿಂತು, ಶೂಲಕ್ಕೆ ಅರಿಶಿನದ ದಾರ ಕಟ್ಟಿ ದೂರು ಕೊಟ್ಟಿದ್ದೇನೆ. ಅವನ ಹೆಸರು ಹೇಳಿದೆ, ಹೊಡೆದಾಗ ಪಕ್ಕದ ಕೋಣೆಯಲ್ಲಿದ್ದ ನಿಮ್ಮ ಹೆಸರನ್ನೂ ಹೇಳಿದೆ. ಕೋರ್ಟಿನದು ಹೋಗಲಿ. ಅಮ್ಮನ ಹತ್ತಿರದ್ದು ಸದ್ಯ ಇರಲಿ.

ಅವಳು ಬರೀ ಸೊಸೆಯಲ್ಲ ಅತ್ತಿಗೆ, ನಿಮ್ಮ ತಮ್ಮನ ಮಗಳು. ಹೇಗಿದ್ದಾಳೆ ಎಂದು ಎರಡು ಸಾಲು ಬರೆಯಿರಿ.

ಪ್ರಮೀಳಾ


ಪಾಂಡವಪುರ ತಾಲ್ಲೂಕು
27-1-2025

ಪ್ರಮೀಳಾ,

ಕಾಗದ ತಲುಪಿತು. ಪುಟ್ಟತಾಯಮ್ಮ "ಏನಕ್ಕ, ಈ ವಯಸ್ಸಲ್ಲಿ ನಿಂಗ್ಯಾರು ಕಾಗ್ದ ಬರೆಯೋರು" ಎಂದು ಡೈರಿ ಮುಂದೆ ಎಲ್ಲರನ್ನೂ ನಗಿಸಿದಳು. ನಾನೂ ನಕ್ಕೆ. ಹಟ್ಟಿಗೆ ಹೋಗಿ ಹಸುವಿನ ಮರೆಯಲ್ಲಿ ಓದಿದೆ.

ನಿನ್ನ ಮಗಳಿಗೆ ಇಲ್ಲಿ ಏನೂ ಕಡಿಮೆಯಿಲ್ಲ. ನಾನು ರಾಕ್ಷಸಿಯಲ್ಲ. ಬಂದ ದಿನ ಅವರೆಕಾಳು ಸಾರು ಮಾಡಿದೆ, ಎರಡು ಸಲ ಬಡಿಸಿಕೊಂಡಳು. ಅವನು ಪಾಂಡವಪುರದಿಂದ ಹೂವು ತಂದ. ಈಗ ಅವನ ದನಿಯೇ ಬೇರೆ, ನನಗೇ ಆಶ್ಚರ್ಯ. ಒಂದೇ ಒಂದು ವಿಷಯ, ಕರೆದರೆ ಅವಳು ತಿರುಗುವುದಿಲ್ಲ. "ಬೇಕೂಂತ್ಲೇ ಮಾಡ್ತಾವ್ಳೆ ಕಣವ್ವ, ನನ್ ಮಾತಿಗೆ ಬೆಲೆ ಇಲ್ಲ" ಎಂದು ಅವನಿಗೆ ಸಿಡುಕು. ನನಗೂ ಒಂದೊಂದು ಸಲ ಹಾಗನ್ನಿಸುತ್ತದೆ. ನೀನು ಅವಳಿಗೆ ಬುದ್ಧಿ ಹೇಳು.

ನನ್ನ ಕಷ್ಟ ಕೇಳು. ಬೋರಿನ ಮೋಟಾರು ಸುಟ್ಟುಹೋಯಿತು. ಗಬ್ಬದ ಹಸು ತಿಂಗಳು ತುಂಬುವ ಮುಂಚೆಯೇ ಕಂದು ಹಾಕಿತು. ನನಗೆ ಎದೆ ಹಿಡಿದುಕೊಳ್ಳುತ್ತದೆ, ಮೆಟ್ಟಿಲು ಹತ್ತಿದರೆ ಕಣ್ಣು ಕತ್ತಲಾಗುತ್ತದೆ. ಇದೆಲ್ಲ ಎಲ್ಲಿಂದ ಬಂತು ಎಂದು ನನಗೆ ಗೊತ್ತು, ನಿನಗೂ ಗೊತ್ತು. ಪೊಲೀಸಿನವರು ಬಂದರೆ ಕೈಮುಗಿದು ಕಳಿಸಬಹುದು. ಅಮ್ಮ ಬಂದರೆ ಯಾರ ಕಾಲು ಹಿಡಿಯಲಿ? ನಿನ್ನ ಮಗಳೂ ಇದೇ ಮನೆಯ ಅನ್ನ ತಿನ್ನುತ್ತಿದ್ದಾಳೆ. ಈ ಮನೆಗೆ ತಗುಲಿದ್ದು ಅವಳಿಗೂ ತಗುಲುತ್ತದೆ. ಒಂದು ಮಂಗಳವಾರ ಹೋಗಿ ಆ ದಾರ ಬಿಚ್ಚಿ ಬಾ ತಾಯಿ.

ಸೋಮಮ್ಮ


ನಾಗಮಂಗಲ
5-2-2025

ಅತ್ತಿಗೆಯವರಿಗೆ ನಮಸ್ಕಾರ.

ನಿಮ್ಮ ಕಾಗದ ಓದಿ ದೇವರ ಮನೆಯಲ್ಲಿ ಕೂತುಬಿಟ್ಟೆ. ಅವಳು ಬೇಕೆಂದು ತಿರುಗದೆ ಇರುತ್ತಾಳೆಯೇ? ಎಡಗಡೆಯಿಂದ ಕರೆದರೆ ಅವಳಿಗೆ ಕೇಳುವುದೇ ಇಲ್ಲ. ಮಂಡ್ಯದ ಡಾಕ್ಟರು ಬರೆದುಕೊಟ್ಟದ್ದು ಕೇಸಿನಲ್ಲೇ ಇದೆ. ಅವನೇ ಹೊಡೆದು ಕೆಡಿಸಿದ ಕಿವಿ, ಈಗ ಕೇಳಲಿಲ್ಲವೆಂದು ಅವನಿಗೇ ಸಿಟ್ಟು. ನಿಮಗೆ ದಮ್ಮಯ್ಯ ಅನ್ನುತ್ತೇನೆ, ಬಲಗಡೆಗೆ ಬಂದು ಕರೆಯಿರಿ. ಅವನಿಗೂ ಹೇಳಿ. ಸಿಡುಕಿದ ಎಂದು ಎಷ್ಟು ಸುಲಭವಾಗಿ ಬರೆದಿರಿ. ಹಿಂದೆಯೂ ಸಿಡುಕಿನಿಂದಲೇ ಶುರುವಾಗಿತ್ತು.

ದಾರದ ವಿಷಯ. ನೀವು ಕಂದು ಹಾಕಿದ ಹಸುವಿನ ಬಗ್ಗೆ ಬರೆದದ್ದು ಓದಿ ನನಗೂ ಭಯವಾಯಿತು. ಮಗಳು ಆ ಮನೆಯಲ್ಲಿರುವಾಗ ನಾನೇ ಕೊಟ್ಟ ದೂರು ಅವಳ ತಲೆಗೇ ಬಂದರೆ ಎಂದು ನಿದ್ದೆ ಬರಲಿಲ್ಲ. ಮಂಗಳವಾರ ಬನಕ್ಕೆ ಹೋದೆ. ಪೂಜಾರಿ ಬೋರಯ್ಯ ದಾರ ಮುಟ್ಟಲು ಬಿಡಲಿಲ್ಲ.

"ಕಟ್ಟಿದೋಳು ಬಂದು ಬಿಚ್ಕಂಡ್ ಹೋಗಕ್ಕೆ ಇದೇನ್ ಹಸಿನ ಹಗ್ಗವಾ? ತೆಪ್ಪು ಮಾಡಿದೋನು ಬಂದು ಅಮ್ಮನ ಮುಂದೆ ನಿಂತ್ಕಂಡು, ಏನ್ ಮಾಡ್ದೆ ಅಂತ ಬಾಯ್ಬುಟ್ಟು ಯೋಳ್ಬೇಕು. ಯೋಳಿ ತಪ್ಪು ಕಾಣಿಕೆ ಆಕ್ಬೇಕು. ಆಮ್ಯಾಕೆ ಬಿಚ್ಚಾದು" ಎಂದ.

ಹಾಗಾದರೆ ಶಿವಶಂಕರ ಬರಲಿ ಅತ್ತಿಗೆ. ಹೆಚ್ಚು ಬೇಡ. ಹೊಡೆದೆ, ಕಿವಿ ಹೋಯಿತು, ಇನ್ನು ಕೈ ಎತ್ತುವುದಿಲ್ಲ ಎಂದು ಅಮ್ಮನ ಮುಂದೆ ಒಂದು ಮಾತು ಹೇಳಲಿ. ಅದೇ ದಿನ ಬಿಚ್ಚುತ್ತೇನೆ. ಹೈಕೋರ್ಟಿಗೂ ನೆಮ್ಮದಿಯಿಂದ ಮಗಳ ಜೊತೆ ಬರುತ್ತೇನೆ. ಅವನು ಅಷ್ಟು ಹೇಳಿದರೆ ನಾನೂ ರಾತ್ರಿ ನಿದ್ದೆ ಮಾಡುತ್ತೇನೆ.

ಪ್ರಮೀಳಾ


ಪಾಂಡವಪುರ ತಾಲ್ಲೂಕು
17-2-2025

ಪ್ರಮೀಳಾ,

ನೀನು ಹೇಳಿದಂತೆ ಕೇಳಿದೆ. ಊಟಕ್ಕೆ ಕೂತಿದ್ದ. ಒಳ್ಳೆ ಮಾತಿನಲ್ಲೇ ಶುರು ಮಾಡಿದೆ.

"ಬನದಮ್ಮನತ್ರ ಒಂದ್ ಗಳಿಗೆ ವೋಗ್ ಬರಾನ ಕಣ್ಲಾ ಮಗ. ಆದದ್ದು ಆಗೋಯ್ತು ಅಂತ ಅಮ್ಮುಂಗೆ ಯೋಳ್ಬುಡು."

"ಏನವ್ವ ಯೋಳ್ಬೇಕು?"

"ವೊಡ್ದೆ ಅಂತ."

ತುತ್ತು ಕೆಳಗಿಟ್ಟ. "ಅಲ್ ನಾನು ಬಾಯ್ಬುಡೋದು, ಅತ್ತೆ ಕಡೆಯೋರು ಯಾರಾರ ಮೊಬೈಲ್ನಾಗೆ ಹಿಡ್ಕಳಾದು, ನಾಳೆ ಜಡ್ಜಿಗೆ ತೋರ್ಸಾದು. ನನ್ನೇನ್ ದಡ್ಡ ಅಂದ್ಕಂಡಾ? ಕೇಸು ಮುಗೀಲಿ ಸುಮ್ಕಿರು" ಎಂದು ಎದ್ದು ಕೈ ತೊಳೆದ. ಶ್ವೇತ ಒಲೆ ಹತ್ತಿರ ಇದ್ದಳು. ಕೇಳಿಸಿತೋ ಇಲ್ಲವೋ, ತಲೆ ಎತ್ತಲಿಲ್ಲ.

ಅವನು ಹೇಳಿದ್ದರಲ್ಲಿ ತಪ್ಪೇನಿದೆ ಹೇಳು. ಕೇಸು ಮುಗಿದರೆ ಅವನ ಮನಸ್ಸಿನ ಕೋಪವೂ ಇಳಿಯುತ್ತದೆ. ಕೇಸೇ ಅವನನ್ನು ಹಾಗೆ ಮಾಡಿದೆ. ನೀನೂ ನನ್ನ ತಮ್ಮನೂ ಹೈಕೋರ್ಟಿನ ದಿನ ತಪ್ಪದೆ ಬನ್ನಿ, ಏನೂ ಅಡ್ಡ ಮಾತು ತೆಗೆಯಬೇಡಿ. ಸಮನ್ಸು ಬಂದ ದಿನ ಪೇದೆ ನನ್ನ ಹೆಸರನ್ನು ಬೀದಿಗೆಲ್ಲ ಕೇಳುವಂತೆ ಓದಿದ. ಅಂದಿನಿಂದ ಯಾವ ಬೈಕು ಮನೆ ಮುಂದೆ ನಿಂತರೂ ಹಿತ್ತಿಲಿಗೆ ಓಡುತ್ತೇನೆ. ನನ್ನ ಮೇಲೆ ಕರುಣೆಯಿರಲಿ.

ಈಗ ನಾನು ಬಲಗಡೆಯಿಂದಲೇ ಕರೆಯುತ್ತೇನೆ. ತಿರುಗುತ್ತಾಳೆ. ಅದನ್ನೂ ಬರೆಯಬೇಕೆನ್ನಿಸಿತು.

ಸೋಮಮ್ಮ


ನಾಗಮಂಗಲ
3-3-2025

ಅತ್ತಿಗೆಯವರಿಗೆ,

ಹೈಕೋರ್ಟಿನಲ್ಲಿ ನೀವು ಎದೆನೋವೆಂದು ಹೊರಗಿನ ಬೆಂಚಿನಲ್ಲೇ ಕೂತಿದ್ದಿರಿ, ಒಳಗೆ ನಡೆದದ್ದು ನಿಮಗೆ ಗೊತ್ತಿಲ್ಲ. ನಿಮ್ಮ ಮಗ ಹೇಳಿರುತ್ತಾನೆ, ನಾನು ಕಂಡದ್ದನ್ನು ನಾನು ಹೇಳುತ್ತೇನೆ.

ಒಲೆ ಮೇಲೆ ಇಟ್ಟ ಹಾಲು ಬಿಸಿಯಾಗುವಷ್ಟು ಹೊತ್ತೂ ಆಗಲಿಲ್ಲ. ಜಡ್ಜು ಒಳ್ಳೆಯವರು. ಮೆಲ್ಲಗೆ, ಕನ್ನಡದಲ್ಲೇ ಕೇಳಿದರು: "ಯಾರ ಒತ್ತಾಯವೂ ಇಲ್ಲ ತಾನೇ ಅಮ್ಮ?" ಅವರು ಕೂತದ್ದು ಶ್ವೇತಳ ಎಡಕ್ಕೆ. ಅವಳಿಗೆ ಕೇಳಿಸಲಿಲ್ಲ, ನನಗೆ ಗೊತ್ತು, ಆ ಮುಖ ನಾನು ಹೆತ್ತದ್ದು. ಪಕ್ಕದಲ್ಲಿದ್ದ ಶಿವಶಂಕರನ ಮುಖ ನೋಡಿದಳು. ಅವನು ತಲೆ ಆಡಿಸಿದ. "ಹೌದು ಸ್ವಾಮಿ" ಎಂದಳು. ಕೇಸು ರದ್ದಾಯಿತು. ಹೊರಗೆ ಎಲ್ಲರೂ ಒಬ್ಬರಿಗೊಬ್ಬರು ಕೈಮುಗಿದರು.

ನಾನು ಎದ್ದು ನಿಂತು, ಸ್ವಾಮಿ, ಇನ್ನೊಂದು ಸಲ ಕೇಳಿ ಎನ್ನಬೇಕಾಗಿತ್ತು. ಕೂತೇ ಇದ್ದೆ.

ಇಳಿಯುವಾಗ ಜಯರಾಮಯ್ಯನವರನ್ನು ಮೆಟ್ಟಿಲ ಮೇಲೆ ನಿಲ್ಲಿಸಿ, "ಇನ್ನೊಂದ್ಸಲ ಹೊಡೆದ್ರೆ ಈ ಕೇಸು ಮತ್ತೆ ಏಳುತ್ತಾ ಸಾರ್?" ಎಂದು ಕೇಳಿದೆ. "ಇದು ಏಳಲ್ಲಮ್ಮ. ಹೊಸದಾಗಿ ನಡೆದ್ರೆ ಹೊಸ ದೂರು, ಹೊಸ ಸಾಕ್ಷಿ. ಹಿಂದಿನ್ದಕ್ಕೂ ಕಣ್ಣಾರೆ ಕಂಡೋರು ಯಾರೂ ಇರ್ಲಿಲ್ಲ ನೋಡಿ, ಅದಕ್ಕೇ ರಾಜೀನೇ ಮೇಲು ಅಂದೆ" ಎಂದರು. ನಾಲ್ಕು ಗೋಡೆಯೊಳಗೆ ಸಾಕ್ಷಿ ಎಲ್ಲಿಂದ ಬರಬೇಕು?

ಈಗ ನನ್ನ ಹತ್ತಿರ ಉಳಿದಿರುವುದು ಬನದಮ್ಮನ ಮುಂದಿನ ದೂರು ಒಂದೇ. ಅದನ್ನು ಕೇಳಬೇಡಿ.

ಪ್ರಮೀಳಾ


ಪಾಂಡವಪುರ ತಾಲ್ಲೂಕು
15-3-2025

ಪ್ರಮೀಳಾ,

ನೌಕರಿಯ ಆರ್ಡರ್ ಬಂತು. ಅವನು ಕೆ.ಆರ್.ಎಸ್.ನಲ್ಲಿ ಡ್ಯೂಟಿಗೆ ಸೇರಿದ. ಅವರ ಅಪ್ಪನ ಫೋಟೋಗೆ ಹಾರ ಹಾಕಿ ಅತ್ತುಬಿಟ್ಟೆ. ಎಂಥ ಭಾರ ಇಳಿಯಿತು ಎಂದುಕೊಂಡೆ.

ನೀನು ಬಿಚ್ಚುವುದಿಲ್ಲ ಎಂದೆಯಲ್ಲ, ನಾನೇ ಒಂದು ದಾರಿ ಹುಡುಕಿದೆ. ಹೈಕೋರ್ಟಿನ ಹಾಳೆಯನ್ನು ಪಾಂಡವಪುರದಲ್ಲಿ ಜೆರಾಕ್ಸ್ ಮಾಡಿಸಿ, ಹಣ್ಣುಕಾಯಿ ತಟ್ಟೆಯಲ್ಲಿಟ್ಟುಕೊಂಡು ಬನಕ್ಕೆ ಹೋದೆ. ಅಮ್ಮನ ಪಾದದ ಹತ್ತಿರ ಇಟ್ಟು, ಅಲ್ಲಿ ದೊಡ್ಡ ಜಡ್ಜೇ ರದ್ದು ಮಾಡಿದ್ದಾರೆ, ನೀನೂ ರದ್ದು ಮಾಡು ತಾಯಿ ಎಂದು ಬೇಡಿಕೊಂಡೆ. ಬೋರಯ್ಯ ಹಾಳೆ ಎತ್ತಿ ಹಿಂದೆ ಮುಂದೆ ನೋಡಿದ.

"ಇದ್ರಾಗೆ ಏನ್ ಬರ್ದದೆ?"

"ರಾಜಿ ಆಗದೆ ಅಂತ ಬರ್ದದೆ."

"ನಿನ್ ಮಗ ಏನ್ ಮಾಡ್ದ ಅಂತ ಬರ್ದದಾ?"

ಅವನು ಕುಂಕುಮ ಒದರಿ ಹಾಳೆಯನ್ನು ನನ್ನ ಸೆರಗಿಗೆ ಹಾಕಿದ. "ಮಡಿಕ್ಕಂಡೋಗು, ಕೆಲ್ಸಕ್ ಬತ್ತದೆ" ಎಂದ. ಅಲ್ಲಿದ್ದವರು ನಕ್ಕರು. ಬಸ್ಸಿನಲ್ಲಿ ಉದ್ದಕ್ಕೂ ಸೆರಗು ಮುಖಕ್ಕೆ ಮುಚ್ಚಿಕೊಂಡು ಬಂದೆ. ಮನೆಗೆ ಬಂದು ಮಗನಿಗೆ ಮತ್ತೆ ಹೇಳಿದರೆ, "ಕೋರ್ಟ್ನೋರೇ ಏನೂ ಕೇಳ್ನಿಲ್ಲ, ನಿನ್ನ ಬನದಮ್ಮ ಯಾವ್ ದೊಡ್ ಜಡ್ಜು" ಎಂದ.

ಹೂವು ತರುವುದು ನಿಂತಿದೆ. ಡ್ಯೂಟಿಯಲ್ಲಿ ದಣಿದಿರುತ್ತಾನೆ. ಯುಗಾದಿಗೆ ಶ್ವೇತಳನ್ನು ಕಳಿಸುತ್ತೇನೆ, ಅವಳಿಗೊಂದು ಸೀರೆ ತೆಗೆದಿಡು.

ಸೋಮಮ್ಮ


ನಾಗಮಂಗಲ
5-4-2025

ಅತ್ತಿಗೆಯವರಿಗೆ,

ಯುಗಾದಿ ಕಳೆಯಿತು. ಮಗಳು ಬರಲಿಲ್ಲ. ಸೀರೆ ಮಡಿಕೆ ಬಿಚ್ಚದೆ ದೇವರ ಮುಂದೆಯೇ ಇದೆ.

ಅವಳ ಫೋನು ಹೋಗುತ್ತಿಲ್ಲ. ಹೆದರಿಕೆಯಿದ್ದರೂ ಶಿವಶಂಕರನಿಗೇ ಮಾಡಿದೆ. "ಮನೇಲಿ ಕೆಲ್ಸ ಅದೆ ಅತ್ತೆ, ಮಾತಾಡಕ್ಕೆ ಆಗಲ್ಲ" ಎಂದು ಇಟ್ಟ. ಮಾತಾಡುವುದಕ್ಕೆ ಏಕೆ ಆಗುವುದಿಲ್ಲ? ಹೊರಟು ಬರುತ್ತೇನೆಂದರೆ ನಿಮ್ಮ ತಮ್ಮ, "ಈಗಷ್ಟೇ ಎಲ್ಲ ಸರಿಹೋಗದೆ, ನೀನೋಗಿ ಕೆದಕ್ಬ್ಯಾಡ. ಏನಾರ ಆಗಿದ್ರೆ ನಮ್ಮಕ್ಕ ಯೋಳಾಕಿಲ್ವಾ?" ಎನ್ನುತ್ತಾರೆ. ಕೇಸು ಆದಾಗಿನಿಂದ ನಿಮ್ಮ ಹತ್ತಿರ ಮಾತಿಲ್ಲ, ಆದರೂ ನಿಮ್ಮ ಮೇಲೆ ಅವರಿಗೆ ಅಷ್ಟು ನಂಬಿಕೆ.

ನನಗಿಲ್ಲ. ಮುಚ್ಚಿಟ್ಟು ಬರೆಯಲು ನನಗೆ ಬರುವುದಿಲ್ಲ. ನಿಮಗೆ ನಿಮ್ಮ ಮಗನ ನೌಕರಿ ಮುಖ್ಯ. ನನ್ನ ಮಗಳು ಉಸಿರಾಡುತ್ತಿದ್ದಾಳೋ ಇಲ್ಲವೋ ಅಷ್ಟು ಹೇಳಿ ಸಾಕು.

ಪ್ರಮೀಳಾ


ಕೆ.ಆರ್. ಪೇಟೆ ಬಸ್ ಸ್ಟ್ಯಾಂಡು
12-4-2025

ಪ್ರಮೀಳಾ,

ಈ ಕಾಗದವನ್ನು ಶ್ವೇತಳ ಕೈಯಲ್ಲೇ ಕಳಿಸುತ್ತಿದ್ದೇನೆ. ಅವಳನ್ನು ನಾಗಮಂಗಲದ ಬಸ್ಸಿಗೆ ಹತ್ತಿಸುತ್ತೇನೆ. ಅವಳನ್ನು ಏನೂ ಕೇಳಬೇಡ, ಕೇಳಿದರೂ ಅವಳಿಗೆ ಸರಿಯಾಗಿ ಕೇಳಿಸುವುದಿಲ್ಲ. ಮೊದಲು ಇದನ್ನು ಓದು.

ಯುಗಾದಿಯ ಮಾರನೇ ದಿನ, ವರ್ಷತೊಡಕು. ಮನೆಯಲ್ಲಿ ಬಾಡಿನ ಸಾರು. ಅವನು ಅವಳ ಎಡಗಡೆ ಕೂತು ಮುದ್ದೆಗೆ ಸಾರು ಕೇಳಿದ. ಅವಳು ತಿರುಗಲಿಲ್ಲ. ಬಲಗಡೆಗೆ ಬಂದು ಕೇಳೋ ಎಂದು ನಾನು ಹೇಳುವಷ್ಟರಲ್ಲಿ ಎದ್ದ. "ಎಡಗಡೆ ಕೇಳಾಕಿಲ್ಲ ಅಂತೀಯಲ್ಲ, ಬಲಗಡೆ ಎಷ್ಟ್ ಕೇಳ್ತದೆ ನೋಡಾನ" ಎಂದು ಬಲಗಿವಿಯ ಮೇಲೆ ಹೊಡೆದ. ಒಂದಲ್ಲ. ನಾನು ಅವನ ತೋಳಿಗೆ ಜೋತುಬಿದ್ದೆ, ನನ್ನನ್ನೂ ಒದರಿದ. ಅವಳು ಅಳಲೇ ಇಲ್ಲ, ನಮ್ಮ ಬಾಯಿಗಳನ್ನು ನೋಡುತ್ತ ಕೂತಿದ್ದಳು.

ನಿನಗೆ ಬರೆಯಲು ಕೈ ಬರಲಿಲ್ಲ. ಅವನು ಆಸ್ಪತ್ರೆಗೂ ಬಿಡಲಿಲ್ಲ. ಇವತ್ತು ಅಮ್ಮನ ಪೂಜೆ, ನಿನ್ನ ನೌಕರಿಯ ಹರಕೆ ಎಂದು ಅವನಿಗೆ ಸುಳ್ಳು ಹೇಳಿ ಅವಳನ್ನು ಹೊರಡಿಸಿಕೊಂಡು ಬನಕ್ಕೆ ಬಂದೆ. ಇನ್ನು ಅವನು ಬರುವುದಿಲ್ಲ, ನಾನೇ ಹೇಳಿ ತಪ್ಪು ಕಾಣಿಕೆ ಹಾಕೋಣ ಎಂದು ನನ್ನ ಲೆಕ್ಕ. ಅಮ್ಮನ ಮುಂದೆ ನಿಂತು ಎಲ್ಲ ಹೇಳಿದೆ. ನನ್ನ ಮಗ, ಈ ಹುಡುಗಿಯ ಕಿವಿಗೆ, ಹೀಗೆ ಹೊಡೆದ, ನಾನು ನೋಡಿದೆ ಎಂದೆ. ಕಾಣಿಕೆ ಚಾಚಿದರೆ ಬೋರಯ್ಯ ಕೈ ಹಿಂದಕ್ಕೆ ತೆಗೆದುಕೊಂಡ.

"ಅವ್ನು ಯೋಳಿದ್ರೆ ತಪ್ಪು ಕಾಣಿಕೆ. ನೀನು ಯೋಳಿದ್ರೆ ಅದು ಸಾಕ್ಷಿ ಕಣವ್ವ."

ಬೇವಿನ ಮರ ಹಿಡಿದು ನಿಂತುಕೊಂಡೆ. ಶ್ವೇತಳಿಗೆ ಒಂದೂ ಕೇಳಿರಲಿಲ್ಲ, ನನ್ನ ಬೆನ್ನು ಸವರುತ್ತಿದ್ದಳು.

ಸ್ಟ್ಯಾಂಡಿನಲ್ಲಿ ಅವಳ ಬಲಗಿವಿಗೆ ಬಾಯಿಟ್ಟು, ಸ್ಟೇಷನ್ನಿಗೆ ಹೋಗು ಎಂದು ಕೂಗಿದೆ. "ಜಡ್ಜ್ ಮುಂದೆ ನನ್ನಿಷ್ಟ ಅಂತ ಯೋಳ್ಬುಟ್ಟಿದ್ದೀನಿ ಅತ್ತೆ. ಈಗ ನನ್ನ ಯಾರ್ ನಂಬ್ತಾರೆ?" ಎಂದಳು. ಅದಕ್ಕೇ ಬರೆಯುತ್ತಿದ್ದೇನೆ. ಹೊಸ ದೂರು ಕೊಡಿಸು. ಕಣ್ಣಾರೆ ಕಂಡವರು ಯಾರು ಎಂದರೆ ನನ್ನ ಹೆಸರು ಬರೆಸು. ಪುಟ್ಟಸ್ವಾಮಿಯವರ ಹೆಂಡತಿ ಸೋಮಮ್ಮ, ಹುಡುಗನ ತಾಯಿ ಎಂದು ಪೂರ್ತಿ ಬರೆಸು.

"ನೀನೂ ಬಾ ಅತ್ತೆ" ಎಂದು ಕೈ ಹಿಡಿದಿದ್ದಾಳೆ. ಹೇಗೆ ಬರಲಿ. ಸಂಜೆ ಹಸು ಕರೆಯಬೇಕು. ಅವನು ಡ್ಯೂಟಿಯಿಂದ ಬಂದಾಗ ಇಬ್ಬರೂ ಇಲ್ಲದಿದ್ದರೆ ನೇರ ನಿಮ್ಮ ಮನೆಗೇ ಬರುತ್ತಾನೆ. ನಾನಿದ್ದರೆ ಏನಾದರೂ ಹೇಳಿ ಇವತ್ತೊಂದು ದಿನ ತಡೆಯುತ್ತೇನೆ. ಅವನಿಗೆ ಇನ್ನೂ ಏನೂ ಗೊತ್ತಿಲ್ಲ. ನಾನು ಹೆತ್ತ ಮಗ, ನನಗೇ ಅವನ ಹೆದರಿಕೆ.

ಸೋಮಮ್ಮ


ನಾಗಮಂಗಲ
12-4-2025, ಮಧ್ಯಾಹ್ನ

ಅತ್ತಿಗೆ,

ಶ್ವೇತ ಬಂದು ತಲುಪಿದಳು. ಬಲಗಿವಿಗೆ ಕೂಗಿದರೆ ಒಂದಿಷ್ಟು ಮಾತು ಕೇಳುತ್ತದೆ. ನಾಳೆ ಮಂಡ್ಯದ ಡಾಕ್ಟರ ಹತ್ತಿರ ಕರೆದುಕೊಂಡು ಹೋಗುತ್ತೇನೆ. ನಿಮ್ಮ ಮೇಲೆ ನಂಬಿಕೆಯಿಲ್ಲ ಎಂದು ಬರೆದಿದ್ದೆ. ಅದರ ಮಾತು ಈಗ ಬೇಡ, ಹೊತ್ತಿಲ್ಲ.

ಒಂದು ಅನಾಹುತವಾಗಿದೆ. ನಿಮ್ಮ ಕಾಗದವನ್ನು ನಿಮ್ಮ ತಮ್ಮನಿಗೆ ಓದಿ ಹೇಳಿದೆ. ಮುಗಿಯುವಷ್ಟರಲ್ಲಿ ಎದ್ದು, ನಾನು ತಡೆಯುವ ಮೊದಲೇ ಶಿವಶಂಕರನಿಗೆ ಫೋನು ಮಾಡಿಬಿಟ್ಟರು. "ಈ ಸಲ ತಪ್ಪುಸ್ಕಳಕ್ಕಾಗಕಿಲ್ಲ ಕಣ್ಲಾ. ನಿಮ್ಮವ್ವನೇ ಸಾಕ್ಷಿ" ಎಂದು ಕೂಗಿದರು. ಅವನು ಫೋನು ಇಟ್ಟುಬಿಟ್ಟನಂತೆ. ಆಮೇಲೆ ಅವರಿಗೇ ಅರ್ಥವಾಗಿ ಗೋಡೆಗೆ ತಲೆ ಕೊಟ್ಟು ಕೂತರು. "ಅಕ್ಕ ಅಲ್ಲಿ ಒಬ್ಳೇ ಅವ್ಳೆ" ಎಂದು ಅದೊಂದೇ ಮಾತು.

ನಿಮ್ಮ ಫೋನಿಗೆ ಮಾಡಲು ಧೈರ್ಯವಿಲ್ಲ, ಅದು ಯಾರ ಕೈಯಲ್ಲಿದೆಯೋ. ಪುಟ್ಟತಾಯಮ್ಮನಿಗೆ ಮಾಡಿದೆ. ಬೆಳಿಗ್ಗೆಯಿಂದ ನೀವು ಕಂಡಿಲ್ಲವಂತೆ, ಮನೆಗೆ ಬೀಗವಿದೆಯಂತೆ. ನೀವು ಇನ್ನೂ ಬಸ್ಸಿನಲ್ಲಿದ್ದೀರಿ ಎಂದು ದೇವರ ಮುಂದೆ ಅಂದುಕೊಳ್ಳುತ್ತಿದ್ದೇನೆ. ನಿಮ್ಮ ಬೀದಿಯ ತಿರುವಿನಲ್ಲಿ ಕಾದು ನಿಮ್ಮನ್ನು ನಿಲ್ಲಿಸಿಕೊಳ್ಳಲು ಅವಳಿಗೆ ಹೇಳಿದ್ದೇನೆ. ಡೈರಿ ಬಿಟ್ಟು ಬರಲು ಆಗುತ್ತದೋ ಇಲ್ಲವೋ.

ನಮ್ಮ ಬೀದಿಯ ಕೆಂಪಣ್ಣನ ಎಳನೀರಿನ ಟೆಂಪೊ ಪಾಂಡವಪುರಕ್ಕೆ ಹೊರಟಿದೆ. ಅದರಲ್ಲಿ ನಿಮ್ಮ ತಮ್ಮ ಹೊನ್ನಪ್ಪನವರೇ ಈ ಕಾಗದ ಹಿಡಿದು ಬರುತ್ತಿದ್ದಾರೆ. ಇಷ್ಟು ದಿನ ಮಾತು ಬಿಟ್ಟವರು, ನಿಮ್ಮನ್ನು ಕಂಡರೆ ಅವರ ಬಾಯಿಂದ ಏನೂ ಹೊರಡುವುದಿಲ್ಲ, ನನಗೆ ಗೊತ್ತು. ಅದಕ್ಕೇ ಬರೆದು ಕೊಟ್ಟಿದ್ದೇನೆ.

ಅವರನ್ನು ಎಲ್ಲಿ ಕಂಡರೆ ಅಲ್ಲೇ ಟೆಂಪೊ ಹತ್ತಿ. ಹಸುವನ್ನು ಪುಟ್ಟತಾಯಮ್ಮ ಕರೆಯುತ್ತಾಳೆ. ಬೀಗ ತೆಗೆಯಬೇಡಿ, ಸೀರೆ ತರಲೂ ಒಳಗೆ ಹೋಗಬೇಡಿ. ಶ್ವೇತಳಿಗೆಂದು ತಂದ ಯುಗಾದಿ ಸೀರೆ ಇಲ್ಲೇ ಇದೆ, ಅದನ್ನೇ ಉಡುವಿರಂತೆ, ಉಟ್ಟ ಬಟ್ಟೆಯಲ್ಲೇ ಬನ್ನಿ.

ಪ್ರಮೀಳಾ